1996ರ ಕ್ವಾರ್ಟರ್ ಫೈನಲ್ ಕ್ಯಾಸೆಟ್: ಚಿತ್ರ ಮುಂದ, ಸೌಂಡ್ ಹಿಂದ

ಟಿಳಕವಾಡಿ ಹುಡುಗ
ನಮಸ್ಕಾರ್ರಿ ಎಲ್ಲಾರಿಗೂ. 1996ರ ಮಾರ್ಚ್ 9ರ ಭಾರತ–ಪಾಕಿಸ್ತಾನ ವಿಶ್ವಕಪ್ ಕ್ವಾರ್ಟರ್ ಫೈನಲ್ ಮ್ಯಾಚ್ ನಮ್ಮ ಅಪ್ಪಾರು ಟಿವಿಯಿಂದ ರೆಕಾರ್ಡ್ ಮಾಡಿಟ್ಟಾರ. ಇ-180 ವಿಎಚ್‌ಎಸ್ ಕ್ಯಾಸೆಟ್, ಪಾಕಿಸ್ತಾನದ 49 ಓವರ್ ಪೂರಾ ಅದಾವು. ಯುಎಸ್‌ಬಿ ಕ್ಯಾಪ್ಚರ್ ಡಬ್ಬಿ ಹಚ್ಚಿ ಕಂಪ್ಯೂಟರ್‌ಗೆ ಇಳಸಾಕತ್ತೀನಿ. ಶುರುವಿಗೆ ಸರಿ ಇರತೈತಿ, ಬರಬರತ ಸೌಂಡ್ ಹಿಂದ ಬೀಳತೈತಿ. ವೆಂಕಟೇಶ್ ಪ್ರಸಾದ್ ಆಮಿರ್ ಸೊಹೈಲ್‌ನ ಆಫ್ ಸ್ಟಂಪ್ ಎಗರಿಸ್ತಾರ, ಮಂದಿ ಕೂಗಿದ್ದು ಆಮ್ಯಾಲ ಕೇಳಸತೈತಿ. ಚಿತ್ರದ ಮ್ಯಾಲಿನ ಅಂಚು ಒಂದು ಕಡೆ ಬಾಗತೈತಿ, ಕೆಳಗ ಬಿಳಿ ಪಟ್ಟಿ. ಸುರುಳಿ ಮ್ಯಾಲ ಬಿಳಿ ಪುಡಿನೂ ಕಾಣತೈತಿ. ಅಂಗಡಿಯವರು ಜಾಹೀರಾತು ಕತ್ತರಿಸಿ ಎಂಪಿ4 ಮಾಡಿ ಕೊಡ್ತೀವಿ ಅಂತಾರ. ಕೊಡ್ಲ್ಯೋ ಬ್ಯಾಡೋ?

ಬಾಗಲಕೋಟಿ ಕಾಕಾ
ತಮ್ಮಾ, ಮೊದಲ ಕ್ಯಾಸೆಟ್ ಹೊರಗ ತಗಿ. ಆ ಪುಡಿ ಬೂಷ್ಟು. ಬೆಳಗಾವಿ ಮಳಿಗಾಲದಾಗ ಮುಚ್ಚಿದ ಕಪಾಟಿನಾಗಿಟ್ಟ ಟೇಪಿಗೆ ಅದು ಹಿಡಿಯೂದ. ಹಂಗ ಓಡಿಸಿದರ ವಿಸಿಆರ್‌ನ (ಕ್ಯಾಸೆಟ್ ಓಡಿಸೋ ಯಂತ್ರ) ಹೆಡ್ಡಿಗೆ, ಅಂದ್ರ ಟೇಪ್ ಓದೋ ಭಾಗಕ್ಕ, ಮೆತ್ತಿ, ಮುಂದ ಹಾಕೋ ಒಳ್ಳೆ ಕ್ಯಾಸೆಟ್ಟಿಗೂ ದಾಟತೈತಿ.

ಕ್ಯಾಸೆಟ್ಟಿನ ತಳದಾಗ ಐದು ಸ್ಕ್ರೂ ಅದಾವು. ಬಿಚ್ಚಿದ ಕೂಡಲೇ ಟೇಪು ಯಾವ ರೋಲರ್ ಸುತ್ತಿ ಹೋಗೈತಿ ಅಂತ ಫೋಟೊ ಹೊಡಕೋ. ಮಾಸ್ಕ್ ಹಾಕ್ಕೊಂಡು, ಮನಿ ಹೊರಗ ಕುಂತು, ಎಳಿ ಬಿಡದ ಒಣ ಬಟ್ಟಿಲೆ ಸುರುಳಿ ಅಂಚು ಒರಸು. ಆಮ್ಯಾಲ ಕೈಲೆ ನಿಧಾನ ಸುತ್ತಕೋತ ಟೇಪಿನ ಎರಡೂ ಮೈ ಒರಸು. ವಿಸಿಆರ್ ಹೆಡ್ಡಿಗೆ 99% ಐಸೊಪ್ರೊಪೈಲ್ ಆಲ್ಕೋಹಾಲ್ ಬೇಕು. ಕಿವಿಗೆ ಹಾಕೋ ಹತ್ತಿ ಕಡ್ಡಿ ಮಾತ್ರ ಮುಟ್ಟಸಬ್ಯಾಡ, ಎಳಿ ಸಿಕ್ಕಿ ಹೆಡ್ಡಿನ ತುದಿ ಮುರೀತೈತಿ.

ಬಿಳಿ ಪಟ್ಟಿಗೆ ಬ್ಯಾರೆ ಕಾರಣ ಇರಬೇಕು. ಇ-180ರಾಗ ಎಸ್‌ಪಿ (ಸಾಮಾನ್ಯ) ಸ್ಪೀಡಿಗೆ ಮೂರ ತಾಸು ಹಿಡಿತೈತಿ. 49 ಓವರ್ ಕುಂತಾವು ಅಂದ್ರ ಅಪ್ಪಾರು ಎಲ್‌ಪಿ (ಅರ್ಧಾ ಸ್ಪೀಡು, ಎರಡ ಪಟ್ಟು ಹೊತ್ತು) ಹಾಕ್ಯಾರ. ಎಲ್‌ಪಿ ಟ್ರ್ಯಾಕ್ ಅರ್ಧಾ ಅಗಲ, ಬ್ಯಾರೆ ವಿಸಿಆರ್‌ನಾಗ ಸರಿ ಕೂಡೂದು ಕಷ್ಟ. ರೆಕಾರ್ಡ್ ಮಾಡಿದ್ದ ವಿಸಿಆರ್ ಮನ್ಯಾಗಿದ್ರ ಅದನ್ನ ರಿಪೇರಿ ಮಾಡಸು.

ಇನ್ನ ಸೌಂಡು. ಹಳೇ ಟೇಪಿನ ಸಿಗ್ನಲ್ ನಡಗತೈತಿ, ಡಬ್ಬಿ ಅಲ್ಲಲ್ಲಿ ಫ್ರೇಮ್ (ಒಂದೊಂದು ಚಿತ್ರ) ಬಿಟ್ಟು ಬಿಡತೈತಿ, ಸೌಂಡ್ ಮಾತ್ರ ಪೂರಾ ಬರತೈತಿ, ಅದಕ್ಕ ಹಿಂದ ಬೀಳತೈತಿ. ವರ್ಚುವಲ್‌ಡಬ್ ಅನ್ನೋ ಸಾಫ್ಟ್‌ವೇರ್‌ನಾಗ ಇಳಿಸಿದರ ಎಷ್ಟು ಫ್ರೇಮ್ ಬಿದ್ದಾವು ಅನ್ನೋ ಎಣಿಕಿ ಕಾಣತೈತಿ. ನಡಗೋ ಸಿಗ್ನಲ್ ಸರಿ ಮಾಡೋ ಟೈಮ್ ಬೇಸ್ ಕರೆಕ್ಟರ್ ಯಂತ್ರ ತುಟ್ಟಿ. ಪ್ಯಾನಾಸೋನಿಕ್ ಇಎಸ್10 ಡಿವಿಡಿ ರೆಕಾರ್ಡರ್ ಹಳೇದು ಸಿಕ್ಕರ ವಿಸಿಆರ್‌ಗೂ ಡಬ್ಬಿಗೂ ನಡುವ ಹಚ್ಚು. ಅದರಾಗ ರೆಕಾರ್ಡ್ ಮಾಡಬ್ಯಾಡ, ಸಿಗ್ನಲ್ ಹಾದು ಹೋದ್ರ ಸಾಕು. ಮ್ಯಾಲಿನ ಬಾಗೂ ನೆಟ್ಟಗಾಗತೈತಿ.

ವಿಜಯಪುರ ಟೇಪ್
ಅಂಗಡಿಗೆ ಕೊಡಬ್ಯಾಡ್ರಿ. ಜಾಹೀರಾತೂ ಕತ್ತರಿಸಬ್ಯಾಡ್ರಿ. ಆಟದ ಮುಖ್ಯ ತುಣುಕು ಎಲ್ಲಿ ಬೇಕಾದರೂ ಸಿಗ್ತಾವ. ಓವರ್ ನಡುವಿನ ಜಾಹೀರಾತು, ಟಿವಿ ಪ್ರಕಟಣೆ ಇಂಥಾ ಮನಿ ಕ್ಯಾಸೆಟ್‌ನಾಗ ಉಳದಿರ್ತಾವ. 1983ರಾಗ ಟನ್‌ಬ್ರಿಜ್ ವೆಲ್ಸ್‌ನಾಗ ಕಪಿಲ್ ದೇವ್ ಹೊಡದ 175 ಯಾವ ಟಿವಿ ಕ್ಯಾಮೆರಾಕ್ಕೂ ಸಿಗಲಿಲ್ಲ, ಇವತ್ತಿಗೂ ಹೊಟ್ಟಿ ಉರೀತದ. ನಿಮ್ಮ ಕೈಯಾಗ ಇದ್ದದ್ದು ಇಡಿಯಾಗಿ ಉಳೀಲಿ.

720×576, ಸೆಕೆಂಡಿಗೆ 25 ಫ್ರೇಮ್, ಇಂಟರ್‌ಲೇಸ್ (ಒಂದ ಬಿಟ್ಟು ಒಂದು ಗೆರಿ ಮೂಡೋ ಟಿವಿ ಚಿತ್ರ) ಇದ್ದಂಗ ಇಳಸ್ರಿ, ಹಫ್‌ವೈಯುವಿ ಅಥವಾ ಎಫ್‌ಎಫ್‌ವಿ1ನಾಗ, ಇವು ಗುಣಮಟ್ಟ ಕಳೀದಂಗ ಉಳಿಸೋ ಫಾರ್ಮ್ಯಾಟು. ತಾಸಿಗೆ ಹತ್ತಾರು ಜಿಬಿ ತಿಂತದ, ತಿನ್ನಲಿ. ಫೋನಿನಾಗ ನೋಡೋ ಎಂಪಿ4 ಆಮ್ಯಾಲ ಇದರಿಂದ ತಗೀಬಹುದು.

ಟಿಳಕವಾಡಿ ಹುಡುಗ
ಕಾಕಾ, ಅಪ್ಪಾರ ವಿಸಿಆರ್ ಅಟ್ಟದ ಮ್ಯಾಲ ಐತ್ರಿ, ಬೆಲ್ಟ್ ಹಾಕ್ಸಿದ್ರ ಓಡತೈತಿ ಅಂದ್ರು ಮೆಕ್ಯಾನಿಕ್. ಜಾವೇದ್ ಮಿಯಾಂದಾದ್ ರನೌಟ್ ಹತ್ರ ಟೇಪ್ ಸುಕ್ಕಾಗೈತಿ, ಅದಕ್ಕ ಏನ್ ಮಾಡ್ಲಿ?

ಬಾಗಲಕೋಟಿ ಕಾಕಾ
ಕತ್ತರಿಸಬ್ಯಾಡ, ಬಿಸಿ ಹಚ್ಚಬ್ಯಾಡ. ಒರಸಿ ಆದ ಮ್ಯಾಲ ಒಮ್ಮೆ ಕೊನಿತನಕ ಸುತ್ತಿ ವಾಪಸ್ ಸುತ್ತು. ಆ ಜಾಗ ಎರಡು ಮೂರು ಸಲ ಬ್ಯಾರೆ ಬ್ಯಾರೆ ಇಳಿಸಿಕೋ, ಒಂದರಾಗ ಹಾಳಾದ ಫ್ರೇಮು ಇನ್ನೊಂದರಾಗ ಚೊಲೊ ಬರಬಹುದು. ಎಲ್ಲಾ ಫೈಲೂ ಇಟಕೋ.