‘ಗೋವಾದಲ್ಲಿ ಸಿ.ಐ.ಡಿ. 999’ ಬರೀ ಬಾಂಡ್ ನಕಲಾ?

ಕೋಡಿಬಾಗದ ವಿಮರ್ಶಕ: ಹತ್ತು ವರ್ಷದ ಹಿಂದೆ ಈ ಸಿನಿಮಾ ಬಗ್ಗೆ ‘ಬಾಂಡ್ ನಕಲು’ ಎಂದು ಎರಡೇ ಸಾಲು ಬರೆದು ಮುಗಿಸಿದ್ದೆ. ಮೊನ್ನೆ ಮತ್ತೆ ನೋಡಿದೆ. ನಾನು ಬರೆದಿದ್ದು ತಪ್ಪು. ಇದು 1968ರ ಕಪ್ಪು ಬಿಳುಪು ಚಿತ್ರ. ಎರಡು ವರ್ಷ ಮೊದಲು ‘ಮಂತ್ರಾಲಯ ಮಹಾತ್ಮೆ’ಯಲ್ಲಿ ರಾಯರಾಗಿದ್ದ ರಾಜ್‌ಕುಮಾರ್ ಇಲ್ಲಿ ಸೂಟು ಹಾಕಿಕೊಂಡ ಗೂಢಚಾರ. ಮಾತು ಮಾತ್ರ ಅದೇ ತಿಳಿಗನ್ನಡ. ಹೀಗೆ ಮಾಡಲು ನಿರ್ದೇಶಕರಾದ ದೊರೈ–ಭಗವಾನ್ ಜೋಡಿಗೆ ಎಷ್ಟು ಧೈರ್ಯ ಬೇಕಿತ್ತು ಅಂತ ಆಗ ನನಗೆ ಹೊಳೆದೇ ಇರಲಿಲ್ಲ.

ಶಿರಸಿ ಮಾಣಿ: ಧೈರ್ಯ ಒಪ್ಪಿದೆ ಸರ್. ಆದರೆ ಆ ಧೈರ್ಯ ಅದೇ ವರ್ಷದ ‘ಜೇಡರ ಬಲೆ’ಯದ್ದು, ಸಿ.ಐ.ಡಿ. 999 ಸರಣಿ ಶುರುವಾಗಿದ್ದೇ ಅಲ್ಲಿಂದ. ಜನಕ್ಕೆ ನೆನಪಿರುವುದು 1978ರ ‘ಆಪರೇಷನ್ ಡೈಮಂಡ್ ರಾಕೆಟ್’. ಅದೂ ‘ಇಫ್ ಯು ಕಮ್ ಟುಡೇ’ ಹಾಡಿಂದ. ನಡುವಿನ ಇದನ್ನು ಸುಮ್ನೆ ಯಾಕೆ ಎತ್ತಿ ಹಿಡಿಯಬೇಕು?

ಸದಾಶಿವಗಡ: ಗೋವಾ ನಿಮಗೆ ದೂರದ ಊರು, ನಮಗೆ ಪಕ್ಕದ ಮನೆ. ಅದು ಪೋರ್ಚುಗೀಸರ ಕೈಲಿದ್ದಾಗ, 1955ರಿಂದ ಗಡಿ ಬಿಗಿಯಾಗಿತ್ತು. ಗಡಿಯೂರು ಮಾಜಾಳಿಯಾಚೆ ನೆಂಟರಿದ್ದರೂ ಮದುವೆಗೆ ಹೋಗುವುದು ಕಷ್ಟ ಎಂದು ಅಜ್ಜಿ ಹೇಳುತ್ತಿದ್ದರು. 1961ರ ಡಿಸೆಂಬರ್‌ನಲ್ಲಿ ಗೋವಾ ಬಿಡಿಸುವಾಗ ಇಲ್ಲೇ ಎದುರಿಗಿರುವ ಅಂಜದೀವ ದ್ವೀಪದಲ್ಲಿ ನಮ್ಮ ನೌಕಾಪಡೆಯ ಏಳು ಜನ ಸತ್ತರು. ಅದಾಗಿ ಏಳೇ ವರ್ಷಕ್ಕೆ ಕನ್ನಡ ಸಿನಿಮಾದ ಪೋಸ್ಟರಿನಲ್ಲಿ ‘ಗೋವಾದಲ್ಲಿ’ ಅಂತ ಬಂತು! ಆಗ ಕಾಳಿ ನದಿಗೆ ಸೇತುವೆ ಇರಲಿಲ್ಲ. ಅಪ್ಪ ತಾರಿ (ದಾಟಿಸುವ ದೋಣಿ) ಹತ್ತಿ ಕಾರವಾರಕ್ಕೆ ಹೋಗಿ ನೋಡಿದ್ದರು. ಕೊನೆಯ ತಾರಿ ತಪ್ಪುತ್ತದೆ ಎಂದು ಕ್ಲೈಮ್ಯಾಕ್ಸ್ ಬಿಟ್ಟು ಎದ್ದು ಓಡಿದರಂತೆ. ಮುಂದೇನಾಯಿತು ಅಂತ ಮರುದಿನ ಮೀನು ಪೇಟೆಯಲ್ಲಿ ಕೇಳಿ ತಿಳಿದುಕೊಂಡರು.

ಶಿರಸಿ ಮಾಣಿ: ಅಪ್ಪನ ಕಥೆ ಚೆಂದ ಇದೆ. ಆದರೆ ಅದು ಸಿನಿಮಾದ ಗುಣ ಅಲ್ವಲ್ಲ. ಗಡಿಯ ಸಂಕಟ ಚಿತ್ರದಲ್ಲಿ ಎಲ್ಲಿದೆ?

ಅಂಕೋಲಾ ಅಕ್ಕ: ನಟಿ ಲಕ್ಷ್ಮಿಯನ್ನು ಎಲ್ಲರೂ ಮರೆತೇಬಿಟ್ಟಿರಲ್ಲ! ಅವರ ಮೊದಲ ಕನ್ನಡ ಸಿನಿಮಾ ಇದು. ಅದೊಂದಕ್ಕಾದರೂ ನೋಡಬೇಕು.

ಕೋಡಿಬಾಗದ ವಿಮರ್ಶಕ: ಅಕ್ಕಾ, ಖಂಡಿತ ಸೇರಿಸುತ್ತೇನೆ. ಮಾಣಿ, ನಿಮ್ಮ ಮಾತು ಸರಿ, ಗಡಿಯ ಸಂಕಟ ಕಥೆಯಲ್ಲಿಲ್ಲ. ಅದಕ್ಕೇ ಇದನ್ನು ಶ್ರೇಷ್ಠ ಎಂದು ಬರೆಯುವುದಿಲ್ಲ. ಆದರೆ 1971ರಲ್ಲಿ ‘ಕಸ್ತೂರಿ ನಿವಾಸ’ ಕೊಟ್ಟವರೂ ಇದೇ ಜೋಡಿ. ಅದನ್ನು ತಲೆ ಮೇಲೆ ಹೊತ್ತುಕೊಳ್ಳುವ ನಾವು, ಅವರ ಕೈ ಪಳಗಿದ ಈ ಪತ್ತೇದಾರಿ ಚಿತ್ರಗಳನ್ನು ಎರಡು ಸಾಲಲ್ಲಿ ತಳ್ಳಿಹಾಕಬಾರದು. ಸದಾಶಿವಗಡದವರೇ, ಅಪ್ಪ ಆಮೇಲಾದರೂ ಕ್ಲೈಮ್ಯಾಕ್ಸ್ ನೋಡಿದರಾ?

ಸದಾಶಿವಗಡ: ಹೋದ ದೀಪಾವಳಿಗೆ ನಾನೇ ಮೊಬೈಲಿನಲ್ಲಿ ಹಾಕಿ ತೋರಿಸಿದೆ. ಮುಗಿಯುವವರೆಗೂ ಚಹಾ ಮುಟ್ಟಲಿಲ್ಲ.