ಸಹಾಯ ಬೇಕು: ಆರೋಗ್ಯ ವಿಮೆಯ ಪ್ರಯೋಗಗಳ ಫಲಿತಾಂಶವನ್ನು ಹೇಗೆ ಅರ್ಥೈಸಬೇಕು?

ಮಾನ್ಯ ಸದಸ್ಯರಿಗೆ ನಮಸ್ಕಾರ. ಆರೋಗ್ಯ ವಿಮೆಯು ಜನರ ಆರೋಗ್ಯವನ್ನು ಎಷ್ಟರಮಟ್ಟಿಗೆ ಸುಧಾರಿಸುತ್ತದೆ ಎಂಬ ಬಗ್ಗೆ ಪ್ರಬಂಧ ಸಿದ್ಧಪಡಿಸುತ್ತಿದ್ದು, ಅರ್ಥಶಾಸ್ತ್ರ ಅಥವಾ ಸಂಖ್ಯಾಶಾಸ್ತ್ರ ಬಲ್ಲವರ ನೆರವು ಕೋರುತ್ತಿದ್ದೇನೆ.

ಅಮೆರಿಕದ ಆರೆಗಾನ್ ರಾಜ್ಯವು 2008ರಲ್ಲಿ ಬಡ ವಯಸ್ಕರಿಗೆ ಮೆಡಿಕೈಡ್ (ಕಡಿಮೆ ಆದಾಯದವರಿಗಾಗಿ ಇರುವ ಸರ್ಕಾರಿ ಆರೋಗ್ಯ ವಿಮೆ) ವಿಮೆಗೆ ಅರ್ಜಿ ಸಲ್ಲಿಸುವ ಅವಕಾಶವನ್ನು ಲಾಟರಿಯ ಮೂಲಕ ಹಂಚಿತು. ಸುಮಾರು 90,000 ಜನ ಹೆಸರು ನೋಂದಾಯಿಸಿದ್ದರು. ಆಯ್ಕೆಯು ಅದೃಷ್ಟಕ್ಕೆ ಬಿಟ್ಟದ್ದಾಗಿದ್ದರಿಂದ, ಕಾಯಿಲೆಯವರೇ ಹೆಚ್ಚಾಗಿ ವಿಮೆ ಮಾಡಿಸುತ್ತಾರೆ ಎಂಬ, ಇಂತಹ ಹೋಲಿಕೆಗಳನ್ನು ಸದಾ ಕಾಡುವ ತೊಡಕು ಇಲ್ಲಿ ಬಹುಮಟ್ಟಿಗೆ ನಿವಾರಣೆಯಾಯಿತು. ಸುಮಾರು ಎರಡು ವರ್ಷಗಳ ನಂತರ ನೋಡಿದಾಗ, ವಿಮೆಯಿಂದಾಗಿ ಚಿಕಿತ್ಸೆಯ ಬಳಕೆ ಹೆಚ್ಚಿತ್ತು, ವೈದ್ಯಕೀಯ ವೆಚ್ಚದ ಹೊರೆಯೂ ಖಿನ್ನತೆಯೂ ತಗ್ಗಿದ್ದವು. ಆದರೆ ರಕ್ತದೊತ್ತಡ ಮತ್ತು ಕೊಲೆಸ್ಟರಾಲ್ ಮಟ್ಟದಲ್ಲಿ ಸಂಖ್ಯಾಶಾಸ್ತ್ರೀಯವಾಗಿ ಗಮನಾರ್ಹವಾದ, ಅಂದರೆ ಕೇವಲ ಆಕಸ್ಮಿಕವೆಂದು ತಳ್ಳಿಹಾಕಲಾಗದಷ್ಟು ಸುಧಾರಣೆ ಕಾಣಲಿಲ್ಲ.

ಇದನ್ನು ‘ಪರಿಣಾಮವೇ ಇಲ್ಲ’ ಎಂದು ಓದುವುದು ತಪ್ಪೆಂದು ನನ್ನ ಭಾವನೆ. ಲಾಟರಿಯಲ್ಲಿ ಹೆಸರು ಬಂದವರೆಲ್ಲರೂ ವಿಮೆ ಪಡೆಯಲಿಲ್ಲ. ಹಾಗಾಗಿ ಅಂದಾಜಿನ ಮೇಲ್ಮಿತಿ ಮತ್ತು ಕೆಳಮಿತಿಗಳ ನಡುವಿನ ಅಂತರ ದೊಡ್ಡದಾಗುತ್ತದೆ, ನಿಜವಾದ ಪರಿಣಾಮವಿದ್ದರೂ ಅದು ಸ್ಪಷ್ಟವಾಗಿ ಗೋಚರಿಸದಿರಬಹುದು. ರ್‍ಯಾಂಡ್ ಎಂಬ ಅಮೆರಿಕದ ಸಂಶೋಧನಾ ಸಂಸ್ಥೆಯು ಹಿಂದೆ ಕುಟುಂಬಗಳಿಗೆ ಬೇರೆ ಬೇರೆ ವಿಮಾ ಯೋಜನೆಗಳನ್ನು ಹಂಚಿ ನಡೆಸಿದ ಪ್ರಯೋಗದಲ್ಲಿಯೂ ಉಚಿತ ಚಿಕಿತ್ಸೆಯಿಂದ ಸರಾಸರಿ ಆರೋಗ್ಯ ಅಷ್ಟೇನೂ ಬದಲಾಗದಿದ್ದರೂ, ಅಧಿಕ ರಕ್ತದೊತ್ತಡವಿದ್ದ ಬಡವರಿಗೆ ಸ್ಪಷ್ಟ ಪ್ರಯೋಜನವಾಗಿತ್ತು. ಸರಾಸರಿಯು ಮರೆಮಾಡುವುದು ಇಂಥವರನ್ನೇ ಎಂಬುದು ನನ್ನನ್ನು ಬಹಳ ಕಾಡುತ್ತಿದೆ.

ಆಯ್ಕೆಯಾದವರೆಲ್ಲರ ಮೇಲಿನ ಪರಿಣಾಮ ಮತ್ತು ವಿಮೆಯನ್ನು ನಿಜವಾಗಿ ಪಡೆದವರ ಮೇಲಿನ ಪರಿಣಾಮ, ಇವೆರಡರಲ್ಲಿ ನೀತಿ ನಿರೂಪಣೆಗೆ ಯಾವುದನ್ನು ಮುಂದಿಡಬೇಕು? ವೈದ್ಯಕೀಯ ವೆಚ್ಚದ ಸಾಲಕ್ಕೆ ಸಿಲುಕದಂತೆ ವಿಮೆಯಿಂದ ಸಿಕ್ಕ ರಕ್ಷಣೆಯನ್ನು ಆರೋಗ್ಯದ ಲಾಭದೊಂದಿಗೆ ಒಂದೇ ಅಳತೆಯಲ್ಲಿ ತೂಗುವ ಒಪ್ಪಿತ ವಿಧಾನವಿದೆಯೇ? ಇಂತಹ ದತ್ತಾಂಶದೊಂದಿಗೆ ಸ್ವತಃ ಕೆಲಸ ಮಾಡಿದವರು ದಯವಿಟ್ಟು ವಿವರವಾಗಿ ಉತ್ತರಿಸಬೇಕೆಂದು ವಿನಂತಿಸುತ್ತೇನೆ.