ನಾಲೆ ರಸ್ತೆ ನಿವಾಸಿಗಳ ಗುಂಪು: ರಾತ್ರಿ ನಾಯಿಗಳ ವಿಚಾರ

ಮನೆ 22, ಮಂಗಳವಾರ, ಬೆಳಗಿನ ಜಾವ 2.50
ಈಗಷ್ಟೇ ಮನೆ ಸೇರಿದ್ದೇನೆ. ಮೊಣಕಾಲಿನ ಚರ್ಮ ಕಿತ್ತುಹೋಗಿದೆ, ಸ್ಕೂಟರಿನ ಬಲಗಡೆಯ ಕನ್ನಡಿ ಮುರಿದಿದೆ, ರೇನ್‌ಕೋಟಿನ ಒಂದು ತೋಳು ಆ ಅರ್ಧಕ್ಕೆ ನಿಂತ ಮನೆಯ ಜಲ್ಲಿ ರಾಶಿಯ ಮೇಲೆ ಇನ್ನೂ ಬಿದ್ದಿರಬೇಕು. ಕರಿಯ, ಕೆಂಚಿ, ಮೊಂಡುಬಾಲದ್ದು, ಹೊಸದಾಗಿ ಸೇರಿಕೊಂಡ ಮಚ್ಚೆಯದು, ನಾಲ್ಕೂ ಒಟ್ಟಿಗೇ ಮೇಲೆ ಬಂದವು. ಎರಡು ವರ್ಷದಿಂದ ಪಾಳಿ ಮುಗಿಸಿ ಇದೇ ರಸ್ತೆಯಲ್ಲಿ ಬರುತ್ತಿದ್ದೇನೆ, ಎರಡು ವರ್ಷದಿಂದ ಇದೇ ಗುಂಪಿನಲ್ಲಿ ಹೇಳುತ್ತಲೂ ಇದ್ದೇನೆ. ಹಿಂದಿನ ಸಲ ಹೇಳಿದಾಗ ನನಗೆ ಸಿಕ್ಕಿದ್ದು ಹನ್ನೊಂದು ಕೈಮುಗಿದ ಚಿತ್ರಗಳು ಮತ್ತು ಒಂದು ಶುಭೋದಯ. ಯಾರದಾದರೂ ಮಗುವಿನ ಕಾಲಿಗೆ ಬಾಯಿ ಹಾಕಿದ ಮೇಲೆಯೇ ನಾವು ಸಭೆ ಸೇರುವುದೇ?

ಮನೆ 9, 5.35
ತಂಗಿ, ನಿಮ್ಮ ನೋವು ನಮಗೆ ಅರ್ಥವಾಗುತ್ತದೆ. ನಾನು ಸಂಘದ ಅಧ್ಯಕ್ಷನಾಗಿದ್ದ ಅವಧಿಯಲ್ಲಿ ಈ ರಸ್ತೆಯಲ್ಲಿ ಒಂದೇ ಒಂದು ನಾಯಿ ತಲೆ ಎತ್ತುತ್ತಿರಲಿಲ್ಲ ಎಂಬುದನ್ನು ಹಳಬರು ಬಲ್ಲರು. ಮೂಲ ಕಾರಣ ಯಾವುದೆಂದು ನಾನು ಹೆಸರಿಟ್ಟು ಹೇಳಬೇಕಾಗಿಲ್ಲ. ಯಾವ ಮನೆಯ ಗೇಟಿನ ಮುಂದೆ ದಿನವೂ ಸ್ಟೀಲ್ ಬೋಗುಣಿ ಇರುತ್ತದೆಯೋ ಅವರೇ ಉತ್ತರ ಕೊಡಲಿ.

ಮನೆ 3, 5.52
ರಾಯರೇ, ಬೋಗುಣಿ ನನ್ನದೇ, ಅದರಲ್ಲಿ ಮುಚ್ಚಿಡುವಂಥದ್ದೇನೂ ಇಲ್ಲ. ಸಂಜೆ ಆರೂವರೆಗೆ ಹಾಲು ಅನ್ನ ಹಾಕುತ್ತೇನೆ, ಏಳಕ್ಕೆ ಬೋಗುಣಿ ತೊಳೆದು ಒಳಗಿಡುತ್ತೇನೆ. ಆ ನಾಲ್ಕರಲ್ಲಿ ಮೂರರ ಕಿವಿಯ ತುದಿ ಕತ್ತರಿಸಿರುವುದನ್ನು ನೋಡಿದ್ದೀರಾ? ಅವುಗಳ ಸಂತಾನಹರಣ ಶಸ್ತ್ರಚಿಕಿತ್ಸೆಗೆ ಓಡಾಡಿದವಳೂ ನಾನೇ. ಖಾಲಿ ನಿವೇಶನಕ್ಕೆ ರಾತ್ರಿ ಹತ್ತರ ಮೇಲೆ ಕೋಳಿ ಮೂಳೆಯ ಚೀಲ ಎಸೆಯುವವರು ಯಾರೆಂದು ನಾನೂ ಹೆಸರಿಟ್ಟು ಹೇಳಬೇಕಾಗಿಲ್ಲ.

ಮನೆ 14, 6.20
ಜಗಳ ಆಮೇಲಿರಲಿ. ತಂಗಿ, ಮೊಣಕಾಲಿನ ಗಾಯ ಬಿದ್ದದ್ದರಿಂದ ಆದದ್ದೋ, ಹಲ್ಲು ತಗುಲಿದೆಯೋ? ತುಸು ಗೀರಿದ್ದರೂ ಸಾಬೂನು ಹಚ್ಚಿ ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು, ಇಂದೇ ಲಸಿಕೆ ಆರಂಭಿಸಬೇಕು.

ಮನೆ 22, 6.31
ಮೇಷ್ಟ್ರೇ, ಆ ಮಾತನ್ನು ವಾರ್ಡಿನಲ್ಲಿ ಬಂದವರಿಗೆಲ್ಲ ನಾನೇ ಹೇಳುತ್ತಿರುತ್ತೇನೆ. ಹಲ್ಲು ತಗುಲಿಲ್ಲ, ಜಲ್ಲಿಯ ಮೇಲೆ ಜಾರಿ ಬಿದ್ದದ್ದು.

ಮನೆ 14, 6.34
ಸಮಾಧಾನವಾಯಿತು. ಅವು ಬೆನ್ನಟ್ಟಿದಾಗ ಗಾಡಿಯ ವೇಗ ಹೆಚ್ಚಿಸಿದಿರಾ?

ಮನೆ 22, 6.36
ಹೆಚ್ಚಿಸದೆ, ಇಳಿದು ಕುಶಲ ವಿಚಾರಿಸಬೇಕಿತ್ತೇ?

ಮನೆ 14, 7.10
ಕೋಪ ಮಾಡಿಕೊಳ್ಳಬೇಡಿ, ಗಂಟು ಇರುವುದೇ ಅಲ್ಲಿ. ಇದನ್ನೊಮ್ಮೆ ನಾಯಿಯ ಕಡೆಯಿಂದ ನೋಡಿ. ನಡುರಾತ್ರಿ ಅದರ ಗಡಿಯೊಳಗೆ ಸದ್ದು ಬೆಳಕು ಹೊತ್ತ ಏನೋ ಒಂದು ನುಗ್ಗುತ್ತದೆ, ಅದು ಬೊಗಳಿ ಬೆನ್ನಟ್ಟುತ್ತದೆ, ಬಂದದ್ದು ಓಡಿಹೋಗುತ್ತದೆ. ನೀವು ಮನೆ ಸೇರುವ ಅವಸರದಲ್ಲಿದ್ದಿರಿ ಎಂಬುದು ನಾಯಿಗೆ ತಿಳಿಯದು. ತಾನು ಓಡಿಸಿದೆ ಎಂಬುದಷ್ಟೇ ಅದರ ಲೆಕ್ಕ. ಹೀಗೆ ಬೇಡದ್ದೊಂದು ತೊಲಗಿದ್ದರಿಂದ ಅದಕ್ಕೆ ಮುಂಚಿನ ನಡತೆ ಗಟ್ಟಿಯಾಗುವುದನ್ನು ಋಣಾತ್ಮಕ ಪುನರ್ಬಲನ ಎನ್ನುತ್ತಾರೆ. ಇದನ್ನು ಶಿಕ್ಷೆಯೆಂದು ಬರೆದ ಉತ್ತರಪತ್ರಿಕೆಗಳನ್ನು ನಾನು ತಿದ್ದಿದ್ದಕ್ಕೆ ಲೆಕ್ಕವಿಲ್ಲ. ಇದು ಶಿಕ್ಷೆಯಲ್ಲ, ಶಿಕ್ಷೆಯ ತದ್ವಿರುದ್ಧ. ಅಟ್ಟಿಸಿಕೊಂಡು ಹೋಗುವುದು ನಾಯಿಗೆ ಹುಟ್ಟಿನಿಂದಲೇ ಬಂದ ಗುಣ, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ಎರಡು ವರ್ಷ, ವಾರಕ್ಕೆ ಮೂರು ನಾಲ್ಕು ರಾತ್ರಿ, ಪ್ರತಿ ಸಲವೂ ಗೆಲುವು ಅದರದೇ ಎಂದಾಗ ಆ ಗುಣಕ್ಕೆ ನಾವೇ ತಾಲೀಮು ಕೊಟ್ಟಂತಾಯಿತು.

1898ರಲ್ಲಿ ಮನೋವಿಜ್ಞಾನಿ ಥಾರ್ನ್‌ಡೈಕ್ ಹಸಿದ ಬೆಕ್ಕುಗಳನ್ನು ಅಗುಳಿಯಿರುವ ಪೆಟ್ಟಿಗೆಯೊಳಗೆ ಬಿಟ್ಟು, ಅವು ಹೊರಬರಲು ತೆಗೆದುಕೊಂಡ ಸಮಯವನ್ನು ಬರೆದಿಡುತ್ತಾ ಹೋದರು. ಬೆಕ್ಕು ಯೋಚಿಸಿ ಬಾಗಿಲು ತೆರೆಯಲಿಲ್ಲ. ಪರಚಿತು, ಕಚ್ಚಿತು, ಅಕಸ್ಮಾತ್ತಾಗಿ ಅಗುಳಿಗೆ ಕಾಲು ತಾಗಿತು, ಮೀನು ಸಿಕ್ಕಿತು. ಸಲದಿಂದ ಸಲಕ್ಕೆ ವ್ಯರ್ಥ ಪರದಾಟ ಕಡಿಮೆಯಾಗಿ ಫಲ ಕೊಟ್ಟ ಚಲನೆ ಮಾತ್ರ ಉಳಿಯಿತು. ನಮ್ಮ ಕರಿಯನೂ ಅಷ್ಟೇ, ಯಾವುದು ಫಲಿಸಿತೋ ಅದನ್ನು ಉಳಿಸಿಕೊಂಡಿದ್ದಾನೆ.

ಮನೆ 17, 7.14
ಹಾಗಾದರೆ ಕರಿಯನ ದೃಷ್ಟಿಯಲ್ಲಿ ಅವನು ಎರಡು ವರ್ಷದಿಂದ ಸೋಲರಿಯದ ದಂಡನಾಯಕ. ಸನ್ಮಾನ ಸಮಾರಂಭ ಇಟ್ಟುಕೊಳ್ಳೋಣವೇ?

ಮನೆ 9, 7.40
ಬೆಕ್ಕಿನ ಕಥೆ ಚೆನ್ನಾಗಿದೆ ಮೇಷ್ಟ್ರೇ, ಆದರೆ ಪೆಟ್ಟಿಗೆ ಬಗ್ಗದ್ದು ಯಾವುದೂ ಇಲ್ಲ. ಸಕ್ರೆಬೈಲಿನಲ್ಲಿ ಆನೆಯಂಥ ಆನೆಯನ್ನೇ ಅಂಕುಶದಿಂದ ಪಳಗಿಸುತ್ತಾರೆ, ನಾಯಿ ಯಾವ ಲೆಕ್ಕ? ನನ್ನ ಪ್ರಸ್ತಾವ ಮೂರು: ಎಲ್ಲರ ಮನೆಯಲ್ಲೂ ಒಂದು ದೊಣ್ಣೆ ಇರಲಿ, ಬೆಳಿಗ್ಗೆ ವಾಕಿಂಗ್ ಹೋಗುವಾಗ ಸಿಕ್ಕಿದಲ್ಲಿ ನಾಲ್ಕು ಬಿಗಿಯಲಿ, ಚಂದಾ ಎತ್ತಿ ಶಬ್ದದಿಂದ ಓಡಿಸುವ ಯಂತ್ರವೊಂದನ್ನು ತರಿಸೋಣ. ವಿರೋಧವಿರುವವರು ಕಾರಣ ಸಮೇತ ತಿಳಿಸಲಿ.

ಮನೆ 27, 7.44
ಬಂದ ಸಂದೇಶವನ್ನು ಹಾಗೆಯೇ ಕಳಿಸುತ್ತಿದ್ದೇನೆ. "ಗೇಟಿಗೆ ನೀಲಿ ಬೆರೆಸಿದ ನೀರಿನ ಬಾಟಲಿ ಕಟ್ಟಿದರೆ ನಾಯಿಗಳು ಆ ಕಡೆ ತಲೆಯನ್ನೂ ಹಾಕುವುದಿಲ್ಲ. ಹತ್ತು ಜನರಿಗೆ ತಿಳಿಸಿ ಪುಣ್ಯ ಕಟ್ಟಿಕೊಳ್ಳಿ."

ಮನೆ 17, 7.46
ನಮ್ಮ ಗೇಟಿನಲ್ಲಿ ಮೂರು ಬಾಟಲಿಗಳಿವೆ. ಮಚ್ಚೆ ನಾಯಿ ನಿನ್ನೆ ಅವುಗಳಿಗೇ ಕಾಲೆತ್ತಿ ಹೋಯಿತು.

ಮನೆ 14, 9.05
ರಾಯರು ಕಾರಣ ಕೇಳಿದ್ದಾರೆ. ಬೆಳಿಗ್ಗೆ ಆರಕ್ಕೆ ಬಿದ್ದ ಪೆಟ್ಟನ್ನು ರಾತ್ರಿ ಎರಡರ ಬೊಗಳುವಿಕೆಗೆ ಜೋಡಿಸಲು ನಾಯಿಗೆ ಆಗುವುದಿಲ್ಲ. ಫಲವಾಗಲಿ ಪೆಟ್ಟಾಗಲಿ, ನಡತೆಯ ಬೆನ್ನಿಗೇ ಒಂದೆರಡು ಸೆಕೆಂಡಿನೊಳಗೆ ಬಂದರೆ ಮಾತ್ರ ಅದಕ್ಕೆ ಅಂಟಿಕೊಳ್ಳುತ್ತದೆ. ಬೆಳಗಿನ ದೊಣ್ಣೆಯಿಂದ ಅದು ಕಲಿಯುವುದು ಬೇರೆಯೇ ಪಾಠ: ವಾಕಿಂಗ್ ಕೋಲು ಹಿಡಿದ ಮನುಷ್ಯ ಅಪಾಯ. ಆ ಮೇಲೆ ಕೋಲೂರಿ ನಡೆಯುವ ನಮ್ಮಂಥ ಮುದುಕರನ್ನು ಕಂಡರೂ ಅದು ಹಲ್ಲು ಕಿರಿಯುತ್ತದೆ. ಸಕ್ರೆಬೈಲಿನ ಮಾತು ಬಂದದ್ದು ಒಳ್ಳೆಯದಾಯಿತು. ಅಲ್ಲಿ ಅಂಕುಶ ಹಿಡಿದ ಮಾವುತನೇ ಹೊಳೆಯಲ್ಲಿ ಆನೆಯ ಮೈ ತಿಕ್ಕುತ್ತಾನೆ, ತುತ್ತನ್ನೂ ಕೊಡುತ್ತಾನೆ. ನಾವು ಅಂಕುಶವನ್ನು ಮಾತ್ರ ನೋಡಿಕೊಂಡು ಬಂದಿದ್ದೇವೆ.

ಇನ್ನು ತಪ್ಪಿಸಿಕೊಳ್ಳಲಾಗದ ಪೆಟ್ಟಿನ ಮಾತು. 1967ರಲ್ಲಿ ಸೆಲಿಗ್‌ಮನ್ ಮತ್ತು ಮೇಯರ್ ಅಮೆರಿಕದಲ್ಲಿ ಕಟ್ಟಿಹಾಕಿದ ನಾಯಿಗಳಿಗೆ, ಅವು ಏನು ಮಾಡಿದರೂ ನಿಲ್ಲದ ವಿದ್ಯುತ್ ಆಘಾತ ಕೊಟ್ಟರು. ಆಮೇಲೆ ಒಂದು ತಗ್ಗು ತಡೆ ಹಾರಿದರೆ ಪಾರಾಗಬಹುದಾದ ಜಾಗಕ್ಕೆ ಬಿಟ್ಟಾಗಲೂ ಅವುಗಳಲ್ಲಿ ಹೆಚ್ಚಿನವು ಹಾರಲಿಲ್ಲ, ಕುಂಯ್‌ಗುಟ್ಟುತ್ತಾ ಬಿದ್ದುಕೊಂಡವು. ಅದನ್ನು ಪಳಗಿದ್ದು ಎನ್ನುವುದಾದರೆ ನನಗೆ ಅಂಥ ಪಳಗಿಸುವಿಕೆ ಬೇಡ. ಯಂತ್ರದ ಸದ್ದಿನ ಗತಿ ಏನೆಂದು ನಮ್ಮ ಹದಿನೇಳನೇ ಮನೆಯವರನ್ನು ಕೇಳಿ, ಅವರಿಗೆ ತೋಟದ ಅನುಭವವಿದೆ.

ಮನೆ 17, 9.20
ನಿಜ. ತೀರ್ಥಹಳ್ಳಿ ಕಡೆಯ ನಮ್ಮ ತೋಟದಲ್ಲಿ ಮಂಗ ಓಡಿಸಲು ಸದ್ದಿನ ಕೋವಿ ತಂದೆವು. ಮೊದಲ ವಾರ ಊರೇ ಖಾಲಿಯಾದಂತೆ ಓಡಿದವು, ಮೂರನೇ ವಾರಕ್ಕೆ ಸದ್ದಾದರೆ ತಲೆ ಎತ್ತಿ ನೋಡಿ ಮತ್ತೆ ಎಳನೀರು ಕುಡಿಯತೊಡಗಿದವು. ಈಗ ಆ ಸದ್ದಿಗೆ ಬೆಚ್ಚುವುದು ನಮ್ಮಜ್ಜಿ ಒಬ್ಬರೇ.

ಮನೆ 14, 9.31
ನೀಲಿ ಬಾಟಲಿಗೂ ಶಾಸ್ತ್ರವಿದೆ, ಆದರೆ ಅದು ನಾಯಿಯ ಬಗ್ಗೆ ಅಲ್ಲ, ನಮ್ಮ ಬಗ್ಗೆ. 1948ರಲ್ಲಿ ಸ್ಕಿನ್ನರ್ ಹಸಿದ ಪಾರಿವಾಳಗಳಿಗೆ ಅವು ಏನೇ ಮಾಡುತ್ತಿರಲಿ, ನಿಗದಿತ ಸಮಯಕ್ಕೊಮ್ಮೆ ಕಾಳು ಬೀಳುವಂತೆ ಮಾಡಿದರು. ಕಾಳು ಬಿದ್ದಾಗ ಸುತ್ತು ಹಾಕುತ್ತಿದ್ದ ಹಕ್ಕಿ ಸುತ್ತುವುದನ್ನೇ ಹಿಡಿದುಕೊಂಡಿತು, ತಲೆ ಆಡಿಸುತ್ತಿದ್ದದ್ದು ತಲೆ ಆಡಿಸುವುದನ್ನೇ. ಬಾಟಲಿ ಕಟ್ಟಿದ ದಿನ ಕಾಕತಾಳೀಯವಾಗಿ ನಾಯಿ ಬರದಿದ್ದರೆ ನಾವು ಆಯುಷ್ಯವಿಡೀ ಬಾಟಲಿ ಕಟ್ಟುತ್ತೇವೆ.

ಮನೆ 3, 9.48
ಹಾಗಾದರೆ ಅನ್ನ ಹಾಕುವುದು ತಪ್ಪೋ ಸರಿಯೋ, ಅದನ್ನು ಹೇಳಿಬಿಡಿ ಮೇಷ್ಟ್ರೇ. ನಾನು ಯಾರ ಬಾಯಿಗೂ ಬೀಳುವವಳಲ್ಲ.

ಮನೆ 14, 10.30
ನೀವು ಹಾಕುವ ಅನ್ನ ತಪ್ಪಲ್ಲ ಅಕ್ಕ, ಹೊತ್ತು ಗೊತ್ತು ಇರುವ ಅನ್ನದಿಂದ ನಾಯಿ ಕೆಟ್ಟದ್ದನ್ನು ಕಲಿಯುವುದಿಲ್ಲ. ಕೆಡಿಸುತ್ತಿರುವುದು ಬೊಗಳಿದಾಗ ಸುಮ್ಮನಾಗಿಸಲೆಂದು ಯಾವುದೋ ಗೇಟಿನಿಂದ ಬೀಳುವ ತಿಂಡಿಯ ತುಂಡು. ಬೊಗಳಿದಾಗಲೆಲ್ಲ ಬಿದ್ದರೂ ಬಿಡಿಸುವುದು ಸುಲಭವಿತ್ತು. ಒಂದು ದಿನ ಬಿದ್ದು, ಮೂರು ದಿನ ಬೀಳದೆ, ಮತ್ತೆರಡು ದಿನ ಬಿದ್ದರೆ, ಅಂಥ ಕಲಿಕೆ ಜಿಗಣೆಯಂತೆ ಅಂಟಿಕೊಳ್ಳುತ್ತದೆ. ಫರ್ಸ್ಟರ್ ಮತ್ತು ಸ್ಕಿನ್ನರ್ ಪಾರಿವಾಳಗಳನ್ನು ವರ್ಷಗಟ್ಟಲೆ ಅಳೆದು 1957ರಲ್ಲಿ ಪ್ರಕಟಿಸಿದ ಕೆಲಸದಲ್ಲಿ ಇದು ಎದ್ದು ಕಾಣುತ್ತದೆ. ಯಾವ ಸಲ ಸಿಗುವುದೋ ಗೊತ್ತಿಲ್ಲದ ಹಕ್ಕಿ ಕುಕ್ಕುವುದನ್ನು ಬಿಡುವುದಿಲ್ಲ, ಮಟ್ಕಾ ಆಡುವವನು ಚೀಟಿ ಬರೆಸುವುದನ್ನು ಬಿಡದ ಹಾಗೆ.

ಆದ್ದರಿಂದ ನನ್ನ ಸಲಹೆ ಇಷ್ಟು. ಗುರುವಾರದಿಂದ ಮೂರು ವಾರ, ಬೊಗಳಿದ ನಾಯಿಗೆ ಯಾವ ಗೇಟಿನಿಂದಲೂ ಏನೂ ಬೀಳಬಾರದು. ಅಕ್ಕನ ಬೋಗುಣಿ ನಾಲೆಯ ಬದಿಯ ಪಂಪ್ ಮನೆಯ ಹತ್ತಿರಕ್ಕೆ ಹೋಗಲಿ. ಮಕ್ಕಳು ಆಡುವ ಜಾಗ ಮತ್ತು ಮನೆಗಳ ಬಾಗಿಲಿನಿಂದ ದೂರ ಊಟದ ಸ್ಥಳ ಗೊತ್ತುಮಾಡಬೇಕೆಂದು 2023ರ ಪ್ರಾಣಿ ಸಂತಾನ ನಿಯಂತ್ರಣ ನಿಯಮಗಳೇ ನಿವಾಸಿ ಸಂಘಗಳಿಗೆ ಹೇಳುತ್ತವೆ. ಶಸ್ತ್ರಚಿಕಿತ್ಸೆಯಾದ ನಾಯಿಯನ್ನು ಹಿಡಿದ ಜಾಗಕ್ಕೇ ತಂದು ಬಿಡಬೇಕೆಂದೂ ಅವು ಹೇಳುತ್ತವೆ, ಹಾಗಾಗಿ ಬೇರೆಡೆ ಸಾಗಿಸುವ ಮಾತು ಬೇಡ. ತಂಗಿ, ನೀವು ಮಧ್ಯಾಹ್ನ ಬಿಡುವಿದ್ದಾಗ ಸ್ಕೂಟರನ್ನು ನಿಲ್ಲಿಸಿ, ಎಂಜಿನ್ ಮಾತ್ರ ಚಾಲೂ ಇಟ್ಟು, ಕರಿಯ ಸುಮ್ಮನಿರುವಷ್ಟು ದೂರದಲ್ಲಿ ಒಂದು ಬಿಸ್ಕತ್ತು ಹಾಕಿ, ದಿನಕ್ಕೊಂದಡಿ ಹತ್ತಿರವಾಗಿ. 1924ರಲ್ಲಿ ಮೇರಿ ಕವರ್ ಜೋನ್ಸ್ ಎಂಬಾಕೆ ಮೊಲಕ್ಕೆ ಹೆದರುತ್ತಿದ್ದ ಒಂದು ಪುಟ್ಟ ಹುಡುಗನಿಗೆ ತಿಂಡಿ ಕೊಡುತ್ತಾ, ಮೊಲದ ಪಂಜರವನ್ನು ಸ್ವಲ್ಪ ಸ್ವಲ್ಪವೇ ಸಮೀಪಕ್ಕೆ ತಂದು ಹೆದರಿಕೆ ಬಿಡಿಸಿದ್ದು ಹೀಗೆಯೇ.

ಒಂದು ಎಚ್ಚರಿಕೆಯಿದೆ. ಸಿಗುತ್ತಿದ್ದದ್ದು ನಿಂತ ಕೂಡಲೇ ನಾಯಿ ಸುಮ್ಮನಾಗುವುದಿಲ್ಲ. ಆರುವ ದೀಪ ಭಗ್ಗನೆ ಉರಿಯುವಂತೆ ಕೆಲವು ರಾತ್ರಿ ಬೊಗಳುವುದು ಹೆಚ್ಚಬಹುದು. ಆ ರಾತ್ರಿ ಯಾರಾದರೂ ಸೋತು ತುಂಡು ಎಸೆದರೆ, ಇನ್ನೂ ಜೋರಾಗಿ ಬೊಗಳಿದರೆ ಸಿಗುತ್ತದೆ ಎಂದು ಕಲಿಸಿದಂತಾಗುತ್ತದೆ.

ಮನೆ 9, 10.41
ಒಪ್ಪಿದೆ. ಗುರುವಾರದಿಂದ ಇದರ ಜಾರಿಯ ಉಸ್ತುವಾರಿ ನನ್ನದು. ಉಲ್ಲಂಘಿಸಿದವರ ಮನೆಸಂಖ್ಯೆಯನ್ನು ಇಲ್ಲಿಯೇ ಪ್ರಕಟಿಸಲಾಗುವುದು.

ಮನೆ 27, 10.42
ನಾಯಿಯ ನಿಷ್ಠೆಯ ಬಗ್ಗೆ ಕಣ್ಣೀರು ತರಿಸುವ ವಿಡಿಯೊ, ತಪ್ಪದೆ ಕೊನೆಯವರೆಗೂ ನೋಡಿ.

ಮನೆ 22, ಶನಿವಾರ, ಮಧ್ಯಾಹ್ನ 3.15
ವರದಿ. ನಿನ್ನೆ ಹದಿನೈದು ಅಡಿ ದೂರದಲ್ಲಿ ಕರಿಯ ಬಿಸ್ಕತ್ತು ಮೂಸಿ ಬಿಟ್ಟುಹೋದ. ಇಂದು ತಿಂದ. ತಿನ್ನುವಾಗ ಒಂದು ಕಣ್ಣು ಸ್ಕೂಟರಿನ ಚಕ್ರದ ಮೇಲೆಯೇ ಇತ್ತು, ಹಿಂಗಾಲುಗಳು ಓಡಲು ಸಿದ್ಧವಾಗಿ ಬಾಗಿದ್ದವು. ಅವನಿಗೂ ನನ್ನಷ್ಟೇ ಹೆದರಿಕೆಯಿದೆ ಎಂದು ನನಗೆ ಮೊದಲ ಸಲ ಅನಿಸಿತು.

ಮನೆ 11, ಭಾನುವಾರ, ಬೆಳಗಿನ ಜಾವ 1.40
ಯಾರಿಗಾದರೂ ನಿದ್ದೆ ಬಂದಿದೆಯೇ? ಮುಕ್ಕಾಲು ಗಂಟೆಯಿಂದ ಒಂದೇ ಸಮನೆ ಬೊಗಳುತ್ತಿವೆ. ಮೊದಲೇ ಚೆನ್ನಾಗಿತ್ತು.

ಮನೆ 14, 1.44
ಇದೇ ನಾನು ಹೇಳಿದ ಭಗ್ಗನೆ ಉರಿಯುವ ರಾತ್ರಿ. ದಯವಿಟ್ಟು ಯಾರೂ ಏನನ್ನೂ ಎಸೆಯಬೇಡಿ.

ಮನೆ 11, 2.05
ಈಗ ನಿಂತಿತು.

ಮನೆ 17, 8.10
ನಿಂತದ್ದು ಹೇಗೆಂದು ನಮ್ಮ ಗೇಟಿನ ಕ್ಯಾಮೆರಾದಲ್ಲಿದೆ. 1.58ಕ್ಕೆ ಒಂದು ಮಹಡಿಯ ಬಾಲ್ಕನಿಯಿಂದ ಅರ್ಧ ಪೊಟ್ಟಣ ರಸ್ಕ್ ಕೆಳಗೆ ಬಿದ್ದಿದೆ. ಮನೆಸಂಖ್ಯೆ ಪ್ರಕಟಿಸುವ ಅಧಿಕಾರ ಉಸ್ತುವಾರಿಯವರದ್ದಾದ್ದರಿಂದ ನಾನು ಸುಮ್ಮನಿದ್ದೇನೆ.

ಮನೆ 9, 8.55
ನನ್ನ ಮನೆಯವರಿಗೆ ರಕ್ತದೊತ್ತಡವಿದೆ, ನಿದ್ದೆಗೆಟ್ಟರೆ ತಲೆ ಸುತ್ತುತ್ತದೆ. ಹಿಂದೆಯೂ ಅನಿವಾರ್ಯವಾದಾಗ ಮಾತ್ರ ಹಾಕಿದ್ದೇನೆ. ನೆರೆಯವರ ಬಾಲ್ಕನಿಗೆ ಕ್ಯಾಮೆರಾ ತಿರುಗಿಸಿಡುವುದು ಯಾವ ಸಂಸ್ಕೃತಿ ಎಂಬುದನ್ನು ಮೊದಲು ಚರ್ಚಿಸಬೇಕು.

ಮನೆ 3, 9.02
ಅನಿವಾರ್ಯವಾದಾಗ ಮಾತ್ರ! ಮೇಷ್ಟ್ರು ಹೇಳಿದ ಮಟ್ಕಾ ಇದೇ ಅಲ್ಲವೇ ರಾಯರೇ?

ಮನೆ 9, 9.06
ಮಾತು ಬೆಳೆಸುವುದು ಬೇಡ ಅಕ್ಕ. ನಿಜವಾದ ಮೂಲ ಕಸ. ಕಸದ ಗಾಡಿ ಹೊತ್ತಿಗೆ ಸರಿಯಾಗಿ ಬಂದರೆ ಯಾರೂ ರಾತ್ರಿ ಚೀಲ ಎಸೆಯುವುದಿಲ್ಲ, ನಾಯಿಗಳೂ ಸೇರುವುದಿಲ್ಲ.

ಮನೆ 14, 9.20
ಕಸದ ಮಾತು ಸುಳ್ಳಲ್ಲ. ಗಾಡಿಯ ಹಾಡು ತಿರುವಿನಲ್ಲಿ ಕೇಳಿಸಿದೊಡನೆ ಕೆಂಚಿ ಬಾಲ ಅಲ್ಲಾಡಿಸುತ್ತಾ ನಾಲಿಗೆಯಿಂದ ಮೂತಿ ಸವರಿಕೊಳ್ಳುವುದನ್ನು ಗಮನಿಸಿ. ಊಟಕ್ಕೆ ಮುಂಚೆ ಸದ್ದು ಕೇಳಿಸಿ ಕೇಳಿಸಿ, ಕೊನೆಗೆ ಬರೀ ಸದ್ದಿಗೇ ಬರುವ ನಾಯಿಯ ಜೊಲ್ಲನ್ನು ರಷ್ಯಾದ ವಿಜ್ಞಾನಿ ಪಾವ್ಲೋವ್ ಅಳೆದದ್ದು ಇದನ್ನೇ ತಿಳಿಯಲು. ಆ ಸದ್ದು ಗಂಟೆಯದು ಎಂದು ಪುಸ್ತಕಗಳು ಹೇಳಿದರೂ ಅವರು ತಾಳಯಂತ್ರದ ಟಿಕ್ ಟಿಕ್ ಮುಂತಾದ ಹಲವು ಸದ್ದುಗಳನ್ನು ಬಳಸಿದ್ದರು, 1904ರ ನೊಬೆಲ್ ಬಂದದ್ದೂ ಜೀರ್ಣಕ್ರಿಯೆಯ ಕೆಲಸಕ್ಕೆ. ಆದರೆ ಗಾಡಿಯ ವಿಚಾರ ಬೇರೆ, ರಾತ್ರಿಯ ವಿಚಾರ ಬೇರೆ. ನಾವು ಇಂದಿನಿಂದ ಮತ್ತೆ ಮೊದಲ ದಿನದ ಲೆಕ್ಕ ಹಾಕಬೇಕು.

ಮನೆ 17, 9.22
ಆ ಹಾಡು ಕೇಳಿದರೆ ಕೆಂಚಿಗಿಂತ ಮೊದಲು ಬಕೆಟ್ ಹಿಡಿದು ಓಡುವವನು ನಾನು. ಜೊಲ್ಲು ಮಾತ್ರ ಬರುವುದಿಲ್ಲ.

ಮನೆ 11, 9.30
ಗಾಡಿ ಏಳಕ್ಕೆ ಬರುವ ಬದಲು ಎಂಟೂವರೆಗೆ ಬಂದರೆ ಅನುಕೂಲ. ಏಳಕ್ಕೆ ಮಕ್ಕಳ ಶಾಲೆಯ ಗಡಿಬಿಡಿ ಇರುತ್ತದೆ.

ಮನೆ 27, 9.31
ಏಳೇ ಇರಲಿ. ಎಂಟೂವರೆಗೆ ನಮ್ಮಲ್ಲಿ ಪೂಜೆ.

ಮನೆ 9, 9.40
ಗಾಡಿಯ ವೇಳೆಯ ಬಗ್ಗೆ ಇಲ್ಲಿಯೇ ಮತ ಹಾಕಿ: ಏಳು ಎನ್ನುವವರು ಒಂದು, ಎಂಟೂವರೆ ಎನ್ನುವವರು ಎರಡು ಎಂದು ಬರೆಯಿರಿ. ಸಂಜೆಯೊಳಗೆ ಮನವಿ ಸಿದ್ಧಪಡಿಸುತ್ತೇನೆ.

ಮನೆ 22, 9.52
ಇಂದು ರಾತ್ರಿಯೂ ನನಗೆ ಪಾಳಿಯಿದೆ, ಎರಡು ಗಂಟೆಯ ಹೊತ್ತಿಗೆ ಬರುತ್ತೇನೆ. ಜಲ್ಲಿ ರಾಶಿಯ ಎದುರಿನ ಮನೆಯವರು ಹೊರಗಿನ ದೀಪ ಹಾಕಿಟ್ಟರೆ, ಗಾಡಿ ನಿಲ್ಲಿಸಿ ತಳ್ಳಿಕೊಂಡೇ ಬರುತ್ತೇನೆ. ಮೇಷ್ಟ್ರೇ, ನಡೆದು ಬಂದರೆ ಓಡಿಸಿದ ಲೆಕ್ಕಕ್ಕೆ ಸೇರುವುದಿಲ್ಲ ತಾನೇ?

ಮನೆ 11, 9.53
ಎರಡು.

ಮನೆ 27, 9.53
ಒಂದು.